ಅಂಕೋರ್ ನೋಡಲು ನಮಗೇ ಅಂತ ಒಬ್ಬ ಗೈಡ್ ಬೇಕಾ?

ಎರಡು ತಿಂಗಳ ಹಿಂದೆ ಇದೇ ಪುಟದಲ್ಲಿ ಕಾಂಬೋಡಿಯಾಕ್ಕೆ ಎರಡನೇ ಸಲ ಹೋಗಿ ಬಂದ ಬಗ್ಗೆ ನಾಲ್ಕು ಸಾಲು ಬರೆದಿದ್ದೆ. ಅಲ್ಲಿನ ಅಂಕೋರ್‌ನಲ್ಲಿ ಖ್ಮೇರ್ ರಾಜರು ಕಟ್ಟಿಸಿದ ಹಳೇ ದೇವಾಲಯಗಳನ್ನು ಈ ಸಲ ನಾನು, ನನ್ನ ತಂಗಿ ಇಬ್ಬರೇ ಒಬ್ಬ ಗೈಡ್ ಜೊತೆ ಮೂರು ದಿನ ನೋಡಿದೆವು ಅಂತ ಅದರಲ್ಲಿ ಒಂದು ಮಾತು ಇತ್ತು. ಬಂದ ಪತ್ರಗಳೆಲ್ಲ ಆ ಒಂದು ಮಾತನ್ನೇ ಹಿಡಿದುಕೊಂಡು ಬಂದಿವೆ. ಹಾಗಾಗಿ ಈ ತಿಂಗಳ ಪುಟ ಪೂರ್ತಿ ಅದಕ್ಕೇ ಇಟ್ಟಿದ್ದೇನೆ.

ಪ್ರಶ್ನೆ: ನಾವು ಗಂಡ ಹೆಂಡತಿ ಇಬ್ಬರೂ ನಿವೃತ್ತರು. ಮಗಳು ಅಂಕೋರ್ ವಾಟ್‌ಗೆ ಟಿಕೆಟ್ ಮಾಡಿಸಿ ಕೊಡುತ್ತೇನೆ ಅನ್ನುತ್ತಿದ್ದಾಳೆ. ಗುಂಪಿನಲ್ಲಿ ಹೋದರೆ ಅಗ್ಗ. ಇಬ್ಬರಿಗೇ ಅಂತ ಗೈಡ್ ಇಟ್ಟುಕೊಳ್ಳುವುದು ದುಡ್ಡು ದಂಡ ಅಲ್ವಾ? (ಶಿವಮೊಗ್ಗ)

ಉತ್ತರ: ತಾಯಿ, ಇಟ್ಟುಕೊಳ್ಳಿ. ಹೋಟೆಲಿನಲ್ಲಿ ಉಳಿಸಿ, ಊಟದಲ್ಲಿ ಉಳಿಸಿ, ಇದರಲ್ಲಿ ಮಾತ್ರ ಉಳಿಸಬೇಡಿ.

ಮೊದಲ ಸಲ ನಾನು ಹೋದದ್ದು ಒಂದು ಟೂರ್ ಕಂಪನಿಯವರ ಜೊತೆ, 34 ಜನರ ಬಸ್ಸಿನಲ್ಲಿ. ಹೈಸ್ಕೂಲಿನಲ್ಲಿ 31 ವರ್ಷ ಇತಿಹಾಸ ಪಾಠ ಮಾಡಿದವಳು ನಾನು. ಪುಸ್ತಕದಲ್ಲಿ ಅಂಕೋರ್ ವಾಟ್‌ನ ಒಂದು ಮಸುಕು ಚಿತ್ರ ಇರುತ್ತಿತ್ತು. ಮಕ್ಕಳಿಗೆ ಅದನ್ನು ತೋರಿಸುವಾಗಲೆಲ್ಲ ಒಂದು ದಿನ ಇದರ ಮುಂದೆ ನಿಲ್ಲಬೇಕು ಅಂದುಕೊಳ್ಳುತ್ತಿದ್ದೆ. ಅಲ್ಲಿನ ಪೂರ್ವದ ಕೈಸಾಲೆಯಲ್ಲಿ ಸಮುದ್ರ ಮಥನದ ಉಬ್ಬು ಕೆತ್ತನೆ ಇದೆ. 49 ಮೀಟರ್ ಉದ್ದ. ಅದರ ಮುಂದೆ ನಮಗೆ ಸಿಕ್ಕಿದ್ದು ಐದು ನಿಮಿಷ. ಬಾವುಟ ಹಿಡಿದ ಹುಡುಗ ‘ಸಮುದ್ರ ಮಥನ, ಫೋಟೋ ತೆಗೆದುಕೊಳ್ಳಿ’ ಅಂದ. ಅಷ್ಟೇ. ಮಧ್ಯಾಹ್ನ ಎರಡು ಅಂಗಡಿಗೆ ಕರೆದುಕೊಂಡು ಹೋದರು. ಅಲ್ಲಿ ಒಂದೂವರೆ ಗಂಟೆ ಕೂರಿಸಿದರು. ಬಸ್ಸಿನಲ್ಲಿ ಕೂತು ಅತ್ತೆ. ಇಷ್ಟು ದೂರ ಬಂದು ನೋಡದೆ ಹೋಗುತ್ತಿದ್ದೇನಲ್ಲ ಅಂತ.

ಎರಡನೇ ಸಲ ಹಾಗಾಗಲಿಲ್ಲ. ಗೈಡ್‌ಗೆ ದಿನಕ್ಕೆ 45 ಡಾಲರ್ ಕೊಟ್ಟೆವು. ಟುಕ್‌ಟುಕ್‌ಗೆ ದಿನಕ್ಕೆ 20. ದೂರದ ಬಾಂತೇ ಸ್ರೇಗೆ ಹೋದ ದಿನ ಮಾತ್ರ ಕಾರು. ಇಬ್ಬರಲ್ಲಿ ಹಂಚಿಕೊಂಡಾಗ ಗುಂಪಿನ ಪ್ರವಾಸಕ್ಕಿಂತ ಸ್ವಲ್ಪ ಜಾಸ್ತಿ ಆಯಿತು ನಿಜ. ಆದರೆ ಅದೇ ಸಮುದ್ರ ಮಥನದ ಮುಂದೆ ಒಂದು ಗಂಟೆ ಹತ್ತು ನಿಮಿಷ ನಿಂತೆವು. ಯಾರೂ ಬಾವುಟ ಎತ್ತಲಿಲ್ಲ.

ಗೈಡ್ ಆರಿಸುವಾಗ ಒಂದು ವಿಷಯ ನೋಡಿಕೊಳ್ಳಿ. ಅಲ್ಲಿ ಗೈಡ್ ಕೆಲಸಕ್ಕೆ ಪ್ರವಾಸೋದ್ಯಮ ಸಚಿವಾಲಯದ ಲೈಸೆನ್ಸ್ ಬೇಕು. ಅದು ಕಾಂಬೋಡಿಯಾದವರಿಗೆ ಮಾತ್ರ ಸಿಗುತ್ತದೆ. ಲೈಸೆನ್ಸ್ ಇದ್ದವರು ಬ್ಯಾಡ್ಜ್ ಹಾಕಿಕೊಂಡೇ ಬರುತ್ತಾರೆ. ಹೋಗುವ ಮೊದಲೇ ಇಮೇಲ್‌ನಲ್ಲಿ ಮಾತಾಡಿ. ‘ಎಷ್ಟು ದೇವಸ್ಥಾನ ತೋರಿಸುತ್ತೀರಿ’ ಅಂತ ಕೇಳಬೇಡಿ. ‘ನಿಮಗೆ ಇಷ್ಟವಾದ ದೇವಸ್ಥಾನ ಯಾವುದು, ಯಾಕೆ’ ಅಂತ ಕೇಳಿ. ನಾನು ನಾಲ್ಕು ಜನರಿಗೆ ಬರೆದಿದ್ದೆ. ಮೂವರು ಬರೀ ದರದ ಪಟ್ಟಿ ಕಳಿಸಿದರು. ನಾಲ್ಕನೆಯವರು ಬಾಯೋನ್‌ನ ಗೋಡೆಯ ಮೇಲೆ ಹೆರಿಗೆ ಮಾಡಿಸುವ ಹೆಂಗಸರ ಕೆತ್ತನೆ ಇದೆ, ಅದು ತನಗೆ ಇಷ್ಟ, ತನ್ನ ಅಜ್ಜಿಯೂ ಸೂಲಗಿತ್ತಿ ಆಗಿದ್ದರು ಅಂತ ಬರೆದರು. ಅವರನ್ನೇ ಒಪ್ಪಿಕೊಂಡೆ. ಮೊದಲ ದಿನವೇ ‘ಅಂಗಡಿ ಬೇಡ’ ಅಂತ ಹೇಳಿಬಿಟ್ಟೆ. ಅವರೂ ಖುಷಿಯಿಂದ ತಲೆ ಅಲ್ಲಾಡಿಸಿದರು.

ಪ್ರಶ್ನೆ: ಮೂರು ದಿನದಲ್ಲಿ ಯಾವುದನ್ನು ಮೊದಲು ನೋಡಬೇಕು? ಎಲ್ಲರೂ ಅಂಕೋರ್ ವಾಟ್‌ನಿಂದ ಶುರು ಮಾಡಿ ಅನ್ನುತ್ತಾರೆ. (ಧಾರವಾಡ)

ಉತ್ತರ: ನಾನು ಹಾಗೆ ಹೇಳುವುದಿಲ್ಲ. ಮೊದಲೇ ಹೋಳಿಗೆ ತಿಂದರೆ ಆಮೇಲೆ ಅನ್ನ ಸಾರು ಸಪ್ಪೆ ಅನ್ನಿಸುತ್ತದೆ. ನೀವು ಧಾರವಾಡದವರು, ಐಹೊಳೆ ನೋಡಿ ಪಟ್ಟದಕಲ್ಲಿಗೆ ಹೋದಾಗ ಆಗುವ ಸಂತೋಷ ನಿಮಗೆ ಗೊತ್ತು. ಕೈ ಪಳಗುತ್ತಾ ಬಂದದ್ದು ಕಣ್ಣಿಗೆ ಕಾಣುತ್ತದೆ. ಇಲ್ಲೂ ವಯಸ್ಸಿನ ಪ್ರಕಾರ ನೋಡಿ.

ಮೊದಲ ದಿನ ಬೆಳಿಗ್ಗೆ ರೊಲುವೋಸ್ ಕಡೆಗೆ ಹೋಗಿ. ಇಂದ್ರವರ್ಮ ಕಟ್ಟಿಸಿದ ಪ್ರೆಯಾ ಕೋ ದೇವಾಲಯ 879ರದ್ದು, ಬಾಕೋಂಗ್ 881ರದ್ದು. ಪ್ರೆಯಾ ಕೋ ಅಂದರೆ ಪವಿತ್ರ ಬಸವ. ಗೋಪುರಗಳ ಎದುರು ಮೂರು ನಂದಿಗಳು ಕೂತಿವೆ. ಬಾಕೋಂಗ್ ಐದು ಮೆಟ್ಟಿಲಿನ ಗುಡ್ಡದ ಹಾಗೆ ಇದೆ. ಮೇರು ಪರ್ವತವನ್ನೇ ಕಲ್ಲಿನಲ್ಲಿ ಕಟ್ಟಬೇಕು ಅನ್ನುವ ಆಸೆ ಅಲ್ಲಿ ಕಾಣುತ್ತದೆ. ಎರಡನೇ ದಿನ ಬಾಂತೇ ಸ್ರೇ, 967ರದ್ದು. ಮೂರನೇ ದಿನ ಬೆಳಿಗ್ಗೆ ಅಂಕೋರ್ ವಾಟ್, ಅದು 12ನೇ ಶತಮಾನದ ಮೊದಲ ಭಾಗದ್ದು. ಮಧ್ಯಾಹ್ನದ ಮೇಲೆ ಏಳನೇ ಜಯವರ್ಮ ಕಟ್ಟಿಸಿದ ತಾ ಪ್ರೋಮ್, ಬಾಯೋನ್. ಮೂರನೇ ದಿನ ಜಾಸ್ತಿ ಆಯಿತು ಅನ್ನಿಸಿದರೆ ಇನ್ನೊಂದು ದಿನ ಇರಿ. ಎಲ್ಲವನ್ನೂ ನೋಡಲೇಬೇಕು ಅನ್ನುವ ಹಟ ಬೇಡ. ನಾವು ಪ್ರೆಯಾ ಖಾನ್ ಬಿಟ್ಟೆವು, ಬೇಸರವಿಲ್ಲ.

ಟಿಕೆಟ್ ಬಗ್ಗೆಯೂ ಕೇಳಿದ್ದೀರಿ. ಒಂದು ದಿನಕ್ಕೆ 37 ಡಾಲರ್, ಮೂರು ದಿನಕ್ಕೆ 62, ಏಳು ದಿನಕ್ಕೆ 72. ಮೂರು ದಿನದ್ದನ್ನು ಹತ್ತು ದಿನದೊಳಗೆ ಯಾವಾಗ ಬೇಕಾದರೂ ಬಳಸಬಹುದು. ನಡುವೆ ಒಂದು ದಿನ ಕಾಲಿಗೆ ರಜೆ ಕೊಡಿ. ಟಿಕೆಟ್ ಮೇಲೆ ನಿಮ್ಮ ಫೋಟೋ ಇರುತ್ತದೆ, ಎಲ್ಲ ಕಡೆ ನೋಡುತ್ತಾರೆ, ಬ್ಯಾಗಿನ ತಳಕ್ಕೆ ಹಾಕಬೇಡಿ. ಇನ್ನೊಂದು ವಿಷಯ. ಡಾಲರ್ ನೋಟು ಒಂಚೂರು ಹರಿದಿದ್ದರೂ ಅಂಗಡಿಯವರು ತೆಗೆದುಕೊಳ್ಳುವುದಿಲ್ಲ. ಇಲ್ಲಿಂದಲೇ ಹೊಸ ನೋಟು ನೋಡಿ ತೆಗೆದುಕೊಂಡು ಹೋಗಿ.

ಪ್ರಶ್ನೆ: ಮೇಡಂ, ಈಗ ಎಲ್ಲದರ ವಿಡಿಯೋ ಸಿಗುತ್ತೆ. ಕಿವಿಗೆ ಇಯರ್‌ಫೋನ್ ಹಾಕಿಕೊಂಡು ಕೇಳುತ್ತಾ ನೋಡಿದರೆ ಸಾಕಲ್ವಾ? ಗೈಡ್ ಹೇಳುವುದು ಇನ್ನೇನು ಇರುತ್ತೆ? (ಬೆಂಗಳೂರು)

ಉತ್ತರ: ಒಳ್ಳೆಯ ಪ್ರಶ್ನೆ ಮಗಾ. ಯಾವ ರಾಜ, ಯಾವ ಇಸವಿ ಅನ್ನುವುದಕ್ಕೆ ನಿನ್ನ ಫೋನ್ ಸಾಕು. ಫೋನ್‌ನಲ್ಲಿ ಸಿಗದ ಮೂರು ವಿಷಯ ಹೇಳುತ್ತೇನೆ.

ಅಂಕೋರ್ ವಾಟ್‌ನ ಪಶ್ಚಿಮದ ಗೋಪುರದೊಳಗೆ, ಬಲಗಡೆಯ ಭಾಗದಲ್ಲಿ, ಎಂಟು ಕೈಗಳ ದೊಡ್ಡ ವಿಷ್ಣು ನಿಂತಿದ್ದಾನೆ. ಜನರೆಲ್ಲ ಒಳಗಿನ ಗೋಪುರಗಳ ಫೋಟೋ ತೆಗೆಯುವ ಅವಸರದಲ್ಲಿ ನೇರ ನುಗ್ಗುತ್ತಾರೆ. ನಮ್ಮ ಗೈಡ್ ಬಲಕ್ಕೆ ತಿರುಗಿದರು. ಚಪ್ಪಲಿ ಬಿಟ್ಟರು. ಊದುಬತ್ತಿ ಹಚ್ಚಿದರು. ಕೇಸರಿ ಬಟ್ಟೆ ಉಡಿಸಿದ ಆ ಮೂರ್ತಿಯನ್ನು ಅಲ್ಲಿನವರು ‘ತಾ ರೀಚ್’ ಅನ್ನುತ್ತಾರೆ. ತಾ ಅಂದರೆ ಅಜ್ಜ. ಬೌದ್ಧರಾದ ಆ ಊರಿನವರು ಇವತ್ತಿಗೂ ಅಲ್ಲಿ ಹರಕೆ ಹೊರುತ್ತಾರೆ. ನಾವು ನಿಂತಿದ್ದಾಗ ಒಬ್ಬ ಹೆಂಗಸು ಬಾಳೆಹಣ್ಣು ಇಟ್ಟು ಕೈ ಮುಗಿದು, ಮೂರ್ತಿಯ ಪಾದ ಮುಟ್ಟಿ ಆ ಕೈಯನ್ನು ಮಗುವಿನ ತಲೆಗೆ ಸವರಿದರು. ‘ಮಗುವಿಗೆ ಜ್ವರ ಬಂದಿತ್ತಂತೆ’ ಅಂತ ಗೈಡ್ ಮೆಲ್ಲಗೆ ಹೇಳಿದರು. ಅಜ್ಜಯ್ಯನ ಹತ್ತಿರ ಹೇಳಿಕೊಳ್ಳುವ ಹಾಗೆ ಹೇಳಿಕೊಳ್ಳುತ್ತಿದ್ದರು.

ಎರಡನೆಯದು ಕಲ್ಲಿನ ತೂತುಗಳು. ಗೋಡೆಯ ಎಷ್ಟೋ ಕಲ್ಲುಗಳಲ್ಲಿ ಹೆಬ್ಬೆರಳು ಹೋಗುವಷ್ಟು ಗುಂಡಗಿನ ತೂತುಗಳಿವೆ. ನಾನು ಅದನ್ನು ಗುಂಡಿನ ಗುರುತು ಅಂದುಕೊಂಡಿದ್ದೆ. ಅಲ್ಲ. ಕುಲೆನ್ ಬೆಟ್ಟದಿಂದ ಮರಳುಗಲ್ಲು ಕಡಿದು, ಕಾಲುವೆಯಲ್ಲಿ ತೆಪ್ಪದ ಮೇಲೆ ತಂದು, ತೂತಿಗೆ ಮರದ ಗೂಟ ಹೊಡೆದು ಎತ್ತುತ್ತಿದ್ದರಂತೆ. ಗಾರೆ ಇಲ್ಲ. ಕಲ್ಲಿನ ಮೇಲೆ ಕಲ್ಲು ಉಜ್ಜಿ ಕೂರಿಸಿದ್ದಾರೆ. ಗೋಡೆ ಎದ್ದ ಮೇಲೆ ಕೆತ್ತನೆ. ಮೂಲೆಯಲ್ಲಿ ಒಂದು ಕಡೆ ಕೆತ್ತನೆ ಅರ್ಧಕ್ಕೆ ನಿಂತಿದೆ. ದೇವತೆಯ ಮುಖ ಮುಗಿದಿದೆ, ಸೊಂಟದ ಕೆಳಗೆ ಬರೀ ಗೆರೆ. ಗೈಡ್ ಟಾರ್ಚನ್ನು ಅಡ್ಡ ಹಿಡಿದು ಬೆಳಕು ಬಿಟ್ಟಾಗಲೇ ಆ ಗೆರೆ ಕಂಡದ್ದು. ಉಳಿ ಇಟ್ಟು ಎದ್ದು ಹೋದವನು ಈಗ ಬರುತ್ತಾನೇನೋ ಅನ್ನುವಂತಿತ್ತು.

ಮೂರನೆಯದು ಅವರ ಬದುಕು. 1975ರಿಂದ 1979ರವರೆಗೆ ಆ ದೇಶದಲ್ಲಿ ಖ್ಮೇರ್ ರೂಜ್ ಆಡಳಿತ ಇತ್ತು. ಓದಿದವರನ್ನು ಹುಡುಕಿ ಹುಡುಕಿ ಕೊಂದ ಕಾಲ ಅದು. ಬಾಫುವೋನ್ ಅನ್ನುವ ದೇವಾಲಯದ ಮೆಟ್ಟಿಲ ಮೇಲೆ ಕೂತು ನೀರು ಕುಡಿಯುತ್ತಿದ್ದೆವು. ಅದನ್ನು ಸರಿಪಡಿಸಲು ಫ್ರೆಂಚರು 1960ರಲ್ಲಿ ಕಲ್ಲು ಕಲ್ಲಾಗಿ ಬಿಚ್ಚಿಟ್ಟಿದ್ದರು. ಯುದ್ಧ ಬಂತು, ಕೆಲಸ ನಿಂತಿತು, ಯಾವ ಕಲ್ಲು ಎಲ್ಲಿಯದು ಅಂತ ಬರೆದಿಟ್ಟ ಕಾಗದಗಳು ನಾಶವಾದವು. ಸುಮಾರು ಮೂರು ಲಕ್ಷ ಕಲ್ಲುಗಳು ಕಾಡಿನಲ್ಲಿ ಹರಡಿ ಬಿದ್ದಿದ್ದವು. 1995ರಲ್ಲಿ ಮತ್ತೆ ಶುರು ಮಾಡಿ, ಒಂದೊಂದನ್ನೇ ಹೊಂದಿಸಿ, 2011ರಲ್ಲಿ ಮುಗಿಸಿದರು. ಇದನ್ನು ಹೇಳುತ್ತಾ ಗೈಡ್ ‘ನಮ್ಮ ಅಪ್ಪ ಮೇಷ್ಟ್ರು. 1976ರಲ್ಲಿ ಕರೆದುಕೊಂಡು ಹೋದರು. ಅವರ ಒಂದು ಫೋಟೋ ಕೂಡ ಉಳಿದಿಲ್ಲ’ ಅಂದರು. ನಾನೂ ಮೇಷ್ಟ್ರು ಅಂತ ಅವರಿಗೆ ಮೊದಲೇ ಗೊತ್ತಿತ್ತು. ಮುಂದೆ ಏನೂ ಕೇಳಲಿಲ್ಲ. ಸ್ವಲ್ಪ ಹೊತ್ತು ಮೂವರೂ ಸುಮ್ನೆ ಕೂತಿದ್ದೆವು.

ಪ್ರಶ್ನೆ: ನಾವು ಬೇಲೂರು ಹಳೇಬೀಡಿನ ಪಕ್ಕದವರು. ಹುಟ್ಟಿದಾಗಿನಿಂದ ಶಿಲ್ಪ ನೋಡಿಕೊಂಡೇ ಬೆಳೆದಿದ್ದೇವೆ. ಅಷ್ಟು ಖರ್ಚು ಮಾಡಿ ಅಲ್ಲಿಗೆ ಹೋಗಿ ನೋಡುವಂಥದ್ದು ಏನಿದೆ? (ಹಾಸನ ಜಿಲ್ಲೆ)

ಉತ್ತರ: ನೀವೇ ಮೊದಲು ಹೋಗಬೇಕಾದವರು. ನಿಮ್ಮ ಕಣ್ಣು ಆಗಲೇ ಪಳಗಿದೆ.

ಬೇಲೂರಿನ ಚೆನ್ನಕೇಶವನ ಪ್ರತಿಷ್ಠೆ ಆದದ್ದು 1117ರಲ್ಲಿ. ಅದಕ್ಕೆ ನಾಲ್ಕು ವರ್ಷ ಮೊದಲು, 1113ರಲ್ಲಿ, ಎರಡನೇ ಸೂರ್ಯವರ್ಮ ಅಲ್ಲಿ ಪಟ್ಟಕ್ಕೆ ಬಂದ. ಇಲ್ಲಿ ವಿಷ್ಣುವರ್ಧನ, ಅಲ್ಲಿ ಸೂರ್ಯವರ್ಮ, ಇಬ್ಬರೂ ಒಂದೇ ಕಾಲದಲ್ಲಿ ವಿಷ್ಣುವಿಗೆ ದೇವಾಲಯ ಕಟ್ಟಿಸುತ್ತಿದ್ದರು. ನಮ್ಮದು ಬಳಪದ ಕಲ್ಲು, ಕಡಿದಾಗ ಮೆತ್ತಗೆ. ಅದಕ್ಕೇ ನಮ್ಮ ಮದನಿಕೆಯ ಬಳೆ, ಉಂಗುರ, ಕೂದಲಿನ ಎಳೆಯವರೆಗೂ ಕೆತ್ತಲು ಆಯಿತು. ಅವರದು ಹೊರಗೆ ಮರಳುಗಲ್ಲು, ಒಳಗೆ ತುಂಬಲು ನಮ್ಮ ಕರಾವಳಿಯ ಮುರಕಲ್ಲಿನಂಥದ್ದೇ ಕಲ್ಲು. ಕೆತ್ತನೆ ಅಷ್ಟು ಆಳ ಇಲ್ಲ. ಆದರೆ ಹರವು ನೋಡಿ. ಅಂಕೋರ್ ವಾಟ್‌ನ ಕಂದಕದ ಅಗಲವೇ 190 ಮೀಟರ್. ನಡುವಿನ ಗೋಪುರದ ಎತ್ತರ 65 ಮೀಟರ್. ಮೂರನೇ ಸುತ್ತಿನ ಕೈಸಾಲೆಯ ಗೋಡೆ ತುಂಬ ಕಥೆ. ಬೇಲೂರಿನಲ್ಲಿ ಒಂದೇ ಕಂಬದ ಮುಂದೆ ಅರ್ಧ ದಿನ ಕಳೆಯಬಹುದು. ಇಲ್ಲಿ ನಡೆಯುತ್ತಲೇ ಓದಬೇಕು.

ಓದುವ ದಿಕ್ಕೂ ಬೇರೆ. ದೇವಾಲಯ ಪಶ್ಚಿಮಕ್ಕೆ ಮುಖ ಮಾಡಿದೆ. ನಾವು ದೇವರನ್ನು ಬಲಕ್ಕೆ ಇಟ್ಟುಕೊಂಡು ಸುತ್ತು ಬರುವವರು. ಅಲ್ಲಿನ ಕೆತ್ತನೆ ಸಾಲಾಗಿ ಓದಬೇಕಾದರೆ ದೇವರನ್ನು ಎಡಕ್ಕೆ ಇಟ್ಟುಕೊಂಡು ನಡೆಯಬೇಕು. ಅಪ್ರದಕ್ಷಿಣೆ ಯಾವಾಗ ಬರುತ್ತೇವೆ ಅಂತ ನಿಮಗೆ ಹೇಳಬೇಕಾಗಿಲ್ಲ. ಅದಕ್ಕೇ ರಾಜ ತನ್ನ ಅಂತ್ಯಕ್ಕಾಗಿಯೇ ಇದನ್ನು ಕಟ್ಟಿಸಿರಬೇಕು ಅಂತ ಹಲವು ವಿದ್ವಾಂಸರು ಹೇಳುತ್ತಾರೆ. ಸತ್ತ ಮೇಲೆ ಆ ರಾಜನಿಗೆ ಇಟ್ಟ ಹೆಸರು ಪರಮವಿಷ್ಣುಲೋಕ.

ಪಶ್ಚಿಮದಲ್ಲಿ ಕುರುಕ್ಷೇತ್ರ. ಎಡದಿಂದ ಕೌರವರು, ಬಲದಿಂದ ಪಾಂಡವರು. ಶರಶಯ್ಯೆಯ ಮೇಲೆ ಭೀಷ್ಮ. ದಕ್ಷಿಣದಲ್ಲಿ ಸೂರ್ಯವರ್ಮನ ಮೆರವಣಿಗೆ, ಅದರ ಪಕ್ಕದಲ್ಲಿ ಎಮ್ಮೆ ಏರಿದ ಯಮ, ಅವನ ಚಿತ್ರಗುಪ್ತ, 37 ಸ್ವರ್ಗ, 32 ನರಕ. ಆಮೇಲೆ ತಿರುಗಿದರೆ ನಾನು ಹೇಳಿದ ಆ ಸಮುದ್ರ ಮಥನ.

ಅದರ ಮುಂದೆ ನಿಂತ ಬೆಳಿಗ್ಗೆಯ ಬಗ್ಗೆ ಹೇಳದೆ ಇರಲಾರೆ. ಸೂರ್ಯೋದಯದ ಫೋಟೋ ಮುಗಿದ ಕೂಡಲೇ ಜನರೆಲ್ಲ ತಿಂಡಿಗೆ ಹೋಟೆಲ್ಲಿಗೆ ಓಡುತ್ತಾರೆ. ಗೈಡ್ ನಮ್ಮನ್ನು ಆ ಹೊತ್ತಿಗೆ ಸರಿಯಾಗಿ ಪೂರ್ವದ ಕಾಡಿನ ದಾರಿಯಿಂದ ಒಳಗೆ ಕರೆತಂದರು. ಕೈಸಾಲೆಯಲ್ಲಿ ನಾವು ಮೂವರೇ. ಎಳೆ ಬಿಸಿಲು ಕಂಬಗಳ ನಡುವಿನಿಂದ ಗೋಡೆಗೆ ಬಿದ್ದಿತ್ತು. ಎಡಕ್ಕೆ 92 ಅಸುರರು, ವಾಸುಕಿಯ ತಲೆ ಹಿಡಿದಿದ್ದಾರೆ. ಬಲಕ್ಕೆ 88 ದೇವತೆಗಳು, ಬಾಲದ ಕಡೆ. ಅಸುರರ ಕಣ್ಣು ಗುಂಡಗೆ ಉಬ್ಬಿವೆ, ದೇವತೆಗಳದು ಬಾದಾಮಿಯ ಹಾಗೆ. ಎಲ್ಲರ ಕಾಲೂ ಒಂದೇ ತಾಳದಲ್ಲಿ ಬಾಗಿವೆ. ನಡುವೆ ವಿಷ್ಣು, ಕೆಳಗೆ ಆಮೆ. ಇಷ್ಟು ಎಲ್ಲರಿಗೂ ಕಾಣುತ್ತದೆ. ಗೈಡ್ ನನ್ನನ್ನು ಮೊಣಕಾಲೂರಿ ಕೂರಿಸಿ ಕೆಳಗಿನ ಪಟ್ಟಿ ತೋರಿಸಿದರು. ಅಲ್ಲಿ ಸಮುದ್ರ. ದೂರದಲ್ಲಿ ಮೀನು, ಮೊಸಳೆ ಎಲ್ಲ ಇಡಿಯಾಗಿ ಈಜುತ್ತಿವೆ. ಕಡಗೋಲಿನ ಹತ್ತಿರ ಬರುತ್ತಾ ಬರುತ್ತಾ ಸುಳಿಗೆ ಸಿಕ್ಕಿ ತುಂಡಾಗಿವೆ. ಮೀನಿನ ತಲೆ ಒಂದು ಕಡೆ, ಬಾಲ ಒಂದು ಕಡೆ. ಅಮೃತಕ್ಕಾಗಿ ಕಡೆಯುವಾಗ ಮೀನಿಗೆ ಏನಾಯಿತು ಅಂತ ಯೋಚಿಸಿದ ಆ ಶಿಲ್ಪಿಗೆ ನಾನು ಅಲ್ಲೇ ಕೈ ಮುಗಿದೆ.

ಬಾಲದ ತುದಿಯಲ್ಲಿ ಒಂದು ದೊಡ್ಡ ಕೋತಿ ನಿಂತು ಎಳೆಯುತ್ತಿದೆ. ‘ಇದು ಹನುಮಂತ’ ಅಂದರು ಗೈಡ್. ಸಮುದ್ರ ಮಥನದಲ್ಲಿ ಹನುಮಂತ ಎಲ್ಲಿದ್ದಾನೆ, ತಪ್ಪಾಗಿದೆ ಅಂತ ನನ್ನ ಬಾಯಿಗೆ ಬಂದಿತ್ತು. ಮೇಷ್ಟ್ರ ಅಭ್ಯಾಸ. ಅಷ್ಟರಲ್ಲಿ ಅವರು ಹೇಳಿದರು: ‘ಬೋಂಗ್, ನಮ್ಮಲ್ಲಿ ಹನುಮಂತ ಇಲ್ಲದೆ ಯಾವ ದೊಡ್ಡ ಕೆಲಸವೂ ಆಗುವುದಿಲ್ಲ.’ ಬೋಂಗ್ ಅಂದರೆ ಅಕ್ಕ, ಅಣ್ಣ ಎರಡೂ. ನನಗೆ ಆವತ್ತು ಹೊಳೆದದ್ದು ಇದು. ಇಲ್ಲಿ ನಿಂತು ನಾನು ಹೇಳುವುದಕ್ಕಿಂತ ಕೇಳಬೇಕು. ನಮ್ಮ ಜನ ಅಲ್ಲಿ ಗೈಡ್‌ಗಳ ಮಾತು ಅರ್ಧಕ್ಕೆ ತಡೆದು ‘ಇದೆಲ್ಲ ನಮ್ಮದೇ ಕಥೆ, ನಮಗೆ ಗೊತ್ತು’ ಅನ್ನುವುದನ್ನು ಎರಡು ಸಲವೂ ಕೇಳಿದ್ದೇನೆ. ದಯವಿಟ್ಟು ಹಾಗೆ ಮಾಡಬೇಡಿ. ಕಥೆ ಸಮುದ್ರ ದಾಟಿ ಹೋಗಿರಬಹುದು. ಕಲ್ಲು ಕಡಿದವರು, ಹೊತ್ತವರು, ಕೆತ್ತಿದವರು ಅವರ ಅಜ್ಜಂದಿರು. ಅವರ ರಾಮಾಯಣಕ್ಕೆ ‘ರೀಮ್‌ಕೇರ್’ ಅಂತ ಹೆಸರು, ರಾಮಕೀರ್ತಿ ಅನ್ನುವುದರ ಅವರ ಉಚ್ಚಾರ. ಅದನ್ನು ಅವರ ಬಾಯಲ್ಲೇ ಕೇಳಿ.

ಹಳೇಬೀಡಿನಲ್ಲಿ ರಾವಣ ಕೈಲಾಸ ಎತ್ತುವ ಶಿಲ್ಪ ನಿಮಗೆ ಗೊತ್ತೇ ಇದೆ. ಅದನ್ನು ಮನಸ್ಸಿನಲ್ಲಿ ಇಟ್ಟುಕೊಂಡು ಬಾಂತೇ ಸ್ರೇಗೆ ಹೋಗಿ. ಯಜ್ಞವರಾಹ ಅನ್ನುವ ರಾಜಗುರು ಕಟ್ಟಿಸಿದ ಶಿವನ ಗುಡಿ. ಗುಲಾಬಿ ಬಣ್ಣದ ಕಲ್ಲು. ಗರ್ಭಗುಡಿಯ ಬಾಗಿಲು ಒಂದು ಮೀಟರಿಗಿಂತ ಒಂಚೂರು ಎತ್ತರ ಅಷ್ಟೇ, ಮಕ್ಕಳು ಕಟ್ಟಿದ ಮನೆಯ ಹಾಗೆ. ಅಲ್ಲಿ ಬಾಗಿಲ ಮೇಲಿನ ಕಲ್ಲಿನಲ್ಲಿ ಕೈಲಾಸ ಮೆಟ್ಟಿಲು ಮೆಟ್ಟಿಲಾಗಿದೆ. ಕೆಳಗೆ ಆನೆ, ಸಿಂಹ ದಿಕ್ಕಾಪಾಲಾಗಿ ಓಡುತ್ತಿವೆ. ಮೇಲೆ ಪಾರ್ವತಿ ಹೆದರಿ ಶಿವನನ್ನು ಅವುಚಿಕೊಂಡಿದ್ದಾಳೆ. ಖಾಂಡವ ದಹನವೂ ಇದೆ. ಮಳೆಯನ್ನು ಓರೆ ಗೆರೆಗಳಾಗಿ ಕೆತ್ತಿದ್ದಾರೆ. ಕಲ್ಲಿನಲ್ಲಿ ಮಳೆ ಸುರಿಯುವುದನ್ನು ನಾನು ಬೇರೆಲ್ಲೂ ನೋಡಿಲ್ಲ. ಬೆಳಿಗ್ಗೆ ಬೇಗ ಹೋಗಿ, ಹತ್ತು ಗಂಟೆಯ ಮೇಲೆ ಬಸ್ಸುಗಳು ಬರುತ್ತವೆ.

ಪ್ರಶ್ನೆ: ಅಮ್ಮನಿಗೆ 70 ವರ್ಷ, ಮಂಡಿ ನೋವು. ಮಗನಿಗೆ 9. ಇಬ್ಬರನ್ನೂ ಕರೆದುಕೊಂಡು ಹೋಗಬಹುದಾ? (ತುಮಕೂರು)

ಉತ್ತರ: ಹೋಗಬಹುದು. ಇಂಥವರಿಗೇ ಸ್ವಂತ ಗೈಡ್ ಹೆಚ್ಚು ಉಪಯೋಗ. ಎಲ್ಲಿ ನೆರಳು, ಎಲ್ಲಿ ಕೂರಬಹುದು, ಯಾವ ಬಾಗಿಲಿನಿಂದ ಹೋದರೆ ಮೆಟ್ಟಿಲು ಕಡಿಮೆ ಅಂತ ಅವರಿಗೆ ಗೊತ್ತಿರುತ್ತದೆ. ಮೊದಲೇ ಅಮ್ಮನ ಮಂಡಿ ವಿಷಯ ಬರೆದು ತಿಳಿಸಿ.

ಅಂಕೋರ್ ವಾಟ್‌ನ ತುದಿಯ ಅಂತಸ್ತಿಗೆ ಬಾಕಾನ್ ಅನ್ನುತ್ತಾರೆ. ಹಳೇ ಕಲ್ಲಿನ ಮೆಟ್ಟಿಲ ಮೇಲೆ ಈಗ ಮರದ ಮೆಟ್ಟಿಲು, ಹಿಡಿಕೆ ಹಾಕಿದ್ದಾರೆ. ಆದರೂ ಬಹಳ ಕಡಿದು. ಅಮ್ಮ ಹತ್ತುವುದು ಬೇಡ. ಮಗನನ್ನು ಬಿಡುವುದೇ ಇಲ್ಲ, 12 ವರ್ಷದ ಒಳಗಿನ ಮಕ್ಕಳಿಗೆ ಅಲ್ಲಿ ಪ್ರವೇಶ ಇಲ್ಲ. ಅಜ್ಜಿ ಮೊಮ್ಮಗ ಕೆಳಗಿನ ಕೈಸಾಲೆಯಲ್ಲಿ ಕೂತು ಲಂಕೆಯ ಯುದ್ಧ ನೋಡಲಿ, ಗೋಡೆ ತುಂಬ ಕಪಿಗಳು ರಾಕ್ಷಸರನ್ನು ಕಚ್ಚುತ್ತಿವೆ. ಭುಜ, ಮಂಡಿ ಮುಚ್ಚುವ ಬಟ್ಟೆ ಎಲ್ಲರಿಗೂ ಬೇಕು. ಸೀರೆ, ಚೂಡಿದಾರ್ ಧಾರಾಳವಾಗಿ ಆಗುತ್ತದೆ. ಮಗನಿಗೆ ಟಿಕೆಟ್ ಇಲ್ಲ, ಪಾಸ್‌ಪೋರ್ಟ್ ಮಾತ್ರ ಕೈಯಲ್ಲಿರಲಿ.

ಬಾಂತೇ ಸ್ರೇ ಸಮತಟ್ಟು. ತಾ ಪ್ರೋಮ್‌ನಲ್ಲಿ ಮರದ ಹಲಗೆಯ ದಾರಿ ಹಾಕಿದ್ದಾರೆ. ಅದು 1186ರಲ್ಲಿ ಜಯವರ್ಮ ತನ್ನ ತಾಯಿಯ ನೆನಪಿಗೆ ಕಟ್ಟಿಸಿದ ಬೌದ್ಧ ವಿಹಾರ. ಅಮ್ಮನಿಗೆ ಇದನ್ನು ಹೇಳಿ. ಗೋಡೆಗಳ ಮೇಲೆ ಕೂತ ಆ ದೊಡ್ಡ ಮರಗಳು ಮಗನಿಗೆ ಖಂಡಿತ ಇಷ್ಟ ಆಗುತ್ತವೆ. ಅವುಗಳಲ್ಲಿ ಮುಖ್ಯವಾದ ಜಾತಿ ನಮ್ಮ ಪಶ್ಚಿಮ ಘಟ್ಟದಲ್ಲೂ ಬೆಳೆಯುತ್ತದೆ. ಅಲ್ಲಿ ಗೋಡೆ ಬೀಳದಂತೆ, ಮರವೂ ಸಾಯದಂತೆ ಎರಡು ದಶಕದಿಂದ ಕೆಲಸ ಮಾಡುತ್ತಿರುವವರು ನಮ್ಮ ಭಾರತೀಯ ಪುರಾತತ್ವ ಇಲಾಖೆಯವರು. 1986ರಿಂದ 1993ರವರೆಗೆ, ಅಲ್ಲಿ ಇನ್ನೂ ಶಾಂತಿ ಇಲ್ಲದ ಕಾಲದಲ್ಲಿ, ಅಂಕೋರ್ ವಾಟ್‌ನಲ್ಲೂ ದುಡಿದಿದ್ದಾರೆ. ಕಲ್ಲು ತೊಳೆದ ರೀತಿಗೆ ಆಗ ಟೀಕೆಯೂ ಬಂತು. ಆದರೆ ಯಾರೂ ಬರದ ಹೊತ್ತಿನಲ್ಲಿ ಬಂದರು ಅನ್ನುವುದನ್ನು ನಮ್ಮ ಗೈಡ್ ತಾವಾಗಿಯೇ ನೆನೆದರು.

ನವೆಂಬರ್‌ನಿಂದ ಫೆಬ್ರವರಿ ಒಳಗೆ ಹೋಗಿ. ಏಪ್ರಿಲ್ ಬಿಸಿಲು ಅಮ್ಮನಿಗೆ ತಡೆಯುವುದಿಲ್ಲ.

ಪ್ರಶ್ನೆ: ನಾವು ಶುದ್ಧ ಸಸ್ಯಾಹಾರಿಗಳು. ಊಟದ ಗತಿ? (ಉಡುಪಿ)

ಉತ್ತರ: ಅಂಕೋರ್ ಪಕ್ಕದ ಸಿಯೆಮ್ ರೀಪ್ ಊರಿನಲ್ಲಿ ಭಾರತೀಯ ಹೋಟೆಲುಗಳು ಇವೆ, ಹೆದರಬೇಡಿ. ಹೊರಗೆ ತಿನ್ನುವಾಗ ಮಾತ್ರ ಎಚ್ಚರ. ತರಕಾರಿ ಪಲ್ಯಕ್ಕೂ ಮೀನಿನ ಸಾಸ್ ಹಾಕುತ್ತಾರೆ. ‘ಮಾಂಸ ಇಲ್ಲ’ ಅಂದರೆ ಮೀನು ಅದರಲ್ಲಿ ಸೇರಿಲ್ಲ ಅಂತ ತಿಳಿಯುತ್ತಾರೆ. ಗೈಡ್ ಇದ್ದರೆ ಅಡುಗೆಯವರ ಹತ್ತಿರ ಹೋಗಿ ಅವರ ಭಾಷೆಯಲ್ಲಿ ಬಿಡಿಸಿ ಹೇಳುತ್ತಾರೆ.

ಬಾಂತೇ ಸ್ರೇ ದಾರಿಯಲ್ಲಿ ಪ್ರೆಯಾ ಡಾಕ್ ಅನ್ನುವ ಹಳ್ಳಿ ಸಿಗುತ್ತದೆ. ರಸ್ತೆ ಬದಿಯಲ್ಲೇ ದೊಡ್ಡ ಬಾಣಲೆಗಳಲ್ಲಿ ತಾಳೆ ರಸ ಕಾಯಿಸುತ್ತಿರುತ್ತಾರೆ. ನಾನೂ ತಂಗಿಯೂ ಆ ವಾಸನೆಗೇ ಕಾರು ನಿಲ್ಲಿಸಿದೆವು. ನಮ್ಮ ಕಡೆಯ ಓಲೆ ಬೆಲ್ಲವೇ! ಬಿಸಿ ಬಿಸಿ ಬೆಲ್ಲವನ್ನು ತಾಳೆ ಗರಿಯ ಬಳೆಯೊಳಗೆ ಹೊಯ್ದು ಬಿಲ್ಲೆ ಮಾಡುತ್ತಾರೆ. ಆ ಅಮ್ಮ ಬಾಣಲೆಯ ಅಂಚಿನಿಂದ ಕೆರೆದು ಒಂದು ತುಣುಕು ಕೈಗೆ ಹಾಕಿದರು. ಐದು ಕಟ್ಟು ತಂದೆ. ನೆಂಟರಿಗೆಲ್ಲ ಅದೇ ಉಡುಗೊರೆ ಆಯಿತು.

ಪ್ರಶ್ನೆ: ಹಿಂದೂ ದೇವಾಲಯಗಳನ್ನು ಬೌದ್ಧರು ಆಕ್ರಮಿಸಿಕೊಂಡರು ಅಂತ ಓದಿದೆ. ನಿಜವೇ? (ಮಂಗಳೂರು)

ಉತ್ತರ: ಅಷ್ಟು ಸಲೀಸಾಗಿ ಹೇಳಲು ಬರುವುದಿಲ್ಲ. ಸೂರ್ಯವರ್ಮ ವಿಷ್ಣು ಭಕ್ತ. ಏಳನೇ ಜಯವರ್ಮ ಮಹಾಯಾನ ಬೌದ್ಧ, ಆದರೆ ಅವನ ದೇವಾಲಯಗಳಲ್ಲಿ ಶಿವ, ವಿಷ್ಣು ಇಬ್ಬರಿಗೂ ಜಾಗ ಇತ್ತು. ಅವನ ನಂತರದ ಕಾಲದಲ್ಲಿ ಬುದ್ಧನ ಶಿಲ್ಪಗಳನ್ನೇ ಉಳಿಯಿಂದ ಕೆರೆದು ತೆಗೆದಿದ್ದಾರೆ. ತಾ ಪ್ರೋಮ್‌ನ ಗೋಡೆಯಲ್ಲಿ ಬುದ್ಧ ಇದ್ದ ಜಾಗ ಖಾಲಿ ಗೂಡಾಗಿ ನಿಂತಿರುವುದನ್ನು ಗೈಡ್ ತೋರಿಸಿದರು. ಆಮೇಲೆ ನಿಧಾನವಾಗಿ ಜನರೇ ಥೇರವಾದ ಬೌದ್ಧರಾದರು. ಅಂಕೋರ್ ವಾಟ್ ಹಾಳು ಬೀಳದೆ ಉಳಿಯಲು ಒಂದು ಕಾರಣ ಅಲ್ಲಿ ಬೌದ್ಧ ಭಿಕ್ಷುಗಳು ಇದ್ದದ್ದು. ತಾ ರೀಚ್ ಮುಂದೆ ಬಾಳೆಹಣ್ಣು ಇಟ್ಟ ಆ ಹೆಂಗಸನ್ನು ನೆನೆಸಿಕೊಳ್ಳಿ. ಆಕೆ ಯಾವ ಕಡೆಯವರು ಅಂತ ಹೇಗೆ ಭಾಗ ಮಾಡುತ್ತೀರಿ?

ಪ್ರಶ್ನೆ: ನಿಮ್ಮ ಗೈಡ್ ನಂಬರ್ ಕೊಡಿ. ಅವರಿಗೆ ಟಿಪ್ಸ್ ಎಷ್ಟು ಕೊಡಬೇಕು? (ಹನ್ನೊಂದು ಜನ)

ಉತ್ತರ: ಅವರನ್ನು ಕೇಳದೆ ನಂಬರ್ ಇಲ್ಲಿ ಹಾಕುವುದು ಸರಿಯಲ್ಲ. ಪತ್ರಿಕೆಯ ವಿಳಾಸಕ್ಕೆ ನಿಮ್ಮ ತಾರೀಕು ಬರೆದು ಕಳಿಸಿ, ಅವರಿಗೆ ತಲುಪಿಸುತ್ತೇನೆ. ಟಿಪ್ಸ್‌ಗೆ ಲೆಕ್ಕ ಅಂತ ಇಲ್ಲ. ನಾವು ಮೂರು ದಿನಕ್ಕೆ ಸೇರಿ ಒಂದು ದಿನದ ಸಂಬಳದಷ್ಟು ಕೊಟ್ಟೆವು. ಟುಕ್‌ಟುಕ್ ಓಡಿಸಿದ ಹುಡುಗನನ್ನು ಮರೆಯಬೇಡಿ. ಪ್ರತಿ ಸಲ ದೇವಾಲಯದಿಂದ ಹೊರಗೆ ಬಂದಾಗ ತಣ್ಣಗಿನ ನೀರು ಹಿಡಿದು ನಿಂತಿರುತ್ತಿದ್ದವನು ಅವನು. ಕೈ ಮುಗಿದು ‘ಅರ್ಕುನ್’ ಅನ್ನಿ. ಥ್ಯಾಂಕ್ಸ್ ಅನ್ನುವುದಕ್ಕೆ ಅವರ ಮಾತು ಅದು, ಕೈ ಮುಗಿಯುವುದು ಮಾತ್ರ ನಮ್ಮ ಹಾಗೆಯೇ.

ಏಪ್ರಿಲ್ ನಡುವಿನ ವಾರಕ್ಕೆ ಮಾತ್ರ ಅವರನ್ನು ಕೇಳಬೇಡಿ. ನಾವು ಬಿಸು ಕಣಿ ಇಡುವ ಹೊತ್ತಿಗೇ ಅವರಿಗೂ ಹೊಸ ವರ್ಷ. ಆಗ ಅವರು ಅಮ್ಮನನ್ನು ನೋಡಲು ಊರಿಗೆ ಹೋಗುತ್ತಾರೆ.